ಹಾಡಿಲ್ಲದ ಚಿತ್ರಕ್ಕ ಸಂಗೀತ

(ಅಫಜಲಪುರ ತಾಲ್ಲೂಕು, ಭೀಮಾ ನದಿಯ ದಂಡೆಯ ಮಣ್ಣೂರ. ಎಲ್ಲಮ್ಮನ ಗುಡಿಗೆ ಹೋಗುವ ದಾರಿಯಲ್ಲೊಂದು ಚಹಾದ ಹೋಟೆಲು. ಮಾತಾಡುವವರಲ್ಲಿ ಒಬ್ಬರು ಕಾಲೇಜಿನಲ್ಲಿ ಇಂಗ್ಲಿಷ್ ಕಲಿಸಿ ನಿವೃತ್ತರಾದ ಮಾಸ್ತರರು. ಇನ್ನೊಬ್ಬ ಸೊಲ್ಲಾಪುರದ ಆರ್ಕೆಸ್ಟ್ರಾದಲ್ಲಿ ಕೀಬೋರ್ಡ್ ನುಡಿಸುವ ಹುಡುಗ. ಗೆಳೆಯರು ತೆಗೆದ ಕಿರುಚಿತ್ರಕ್ಕೆ ಸಂಗೀತ ಕೂಡಿಸುವ ಕೆಲಸ ಈಗ ಅವನ ಕೈಯಲ್ಲಿದೆ.)

ಹುಡುಗ: ಸರ್ರ, ನೀವು ಕೊಟ್ಟ ಫ್ರೆಂಚ್ ಸಿನೆಮಾ ನೋಡ್ದೆ. ಒಂದ ಟ್ಯೂನ್ ಮ್ಯಾಲಿಂದ ಮ್ಯಾಲ ಬರ್ತದ. ಮೊದಮೊದಲು ಬ್ಯಾಸರಾತು. ಅರ್ಧ ಆದ ಮ್ಯಾಲ, ಅದು ಬರ್ಲಿಲ್ಲಂದ್ರ ಏನೋ ಕಡಿಮಿ ಬಿದ್ದಂಗ ಆಗ್ಲಾಕತ್ತು.

ಮಾಸ್ತರ: ಗೊದಾರ್‌ನ ‘ಲ ಮೆಪ್ರಿ’. 1963ರದು. ಟ್ಯೂನ್ ಜಾರ್ಜ್ ದೆಲರೂಂದು. ಇದರಾಗ ಒಂದು ಮಜಾ ಅದ ನೋಡು. ಇಟಲಿದಾಗ ಬಿಡುಗಡಿ ಆದ ಪ್ರತಿಯೊಳಗ ದೆಲರೂನ ಸಂಗೀತಾನೇ ಇಲ್ಲ. ಅದನ್ನ ತೆಗೆದು ಪಿಯೆರೊ ಪಿಚ್ಚೋನಿ ಅನ್ನಾವನ ಸಂಗೀತ ಹಾಕಿದ್ರು. ಅದ ಗಂಡ ಹೆಂಡ್ತಿ, ಅದ ಸಮುದ್ರ, ಅದ ಜಗಳ. ಸಂಗೀತ ಬದಲಾತು, ಜಗಳದ ತೂಕಾನೂ ಬದಲಾತು.

ಹುಡುಗ: ಅವನ ಕೆಲಸ ತೆಗೆದು ಹಾಕಿದ್ರಂದ್ರ ರೊಕ್ಕಾನೂ ಹೋತೇನ್ರಿ?

ಮಾಸ್ತರ: ರೊಕ್ಕದ ಮಾತಿಗಿ ಬರೋಣು, ಅವಸರ ಮಾಡಬ್ಯಾಡ. ಮೊದಲು ಮನುಷ್ಯನ್ನ ನೋಡು. ದೆಲರೂ ಹುಟ್ಟಿದ್ದು 1925ರಾಗ, ಫ್ರಾನ್ಸಿನ ಉತ್ತರಕ್ಕಿರೋ ರೂಬೆ ಅನ್ನೋ ಊರಾಗ. ಬಟ್ಟಿ ಗಿರಣಿ ಊರು, ನಿನ್ನ ಸೊಲ್ಲಾಪುರ ಇದ್ದಂಗ. ಓದೋ ವಯಸ್ಸಿನಾಗ ಕಾರ್ಖಾನಿಗಿ ದುಡಿಯಾಕ ಹೋದ. ಕ್ಲಾರಿನೆಟ್ ಹಿಡಿದ, ಪಿಯಾನೊ ಹಿಡಿದ, ಪ್ಯಾರಿಸ್ಸಿನ ಸಂಗೀತ ಶಾಲಿ ಸೇರಿದ. ಅಲ್ಲಿ ದಾರಿಯುಸ್ ಮಿಯೋ ಅಂತ ದೊಡ್ಡ ಸಂಗೀತಗಾರ ಇವನ ಗುರು. ಮುಂದ ತ್ರೂಫೋ, ಗೊದಾರ್ ಎಲ್ಲಾರ ಜೋಡಿ ಕೆಲಸ ಮಾಡಿದ. ‘ಜೂಲ್ ಎ ಜಿಮ್’ 1962. ಕಡಿಗಿ ಅಮೆರಿಕಾಕ್ಕ ಹೋದ, 1979ರ ‘ಎ ಲಿಟಲ್ ರೊಮಾನ್ಸ್’ಗ ಆಸ್ಕರ್ ಬಂತು. 1992ರಾಗ ತೀರಿಕೊಂಡ. ಸಿನೆಮಾ, ಟಿವಿ ಕೂಡಿ ಮುನ್ನೂರಕ್ಕೂ ಮಿಕ್ಕಿದ ಕೆಲಸ.

ಹುಡುಗ: ಮುನ್ನೂರು! ಅದೂ ಡ್ಯೂಯೆಟ್ ಇಲ್ದ, ಐಟಂ ಸಾಂಗ್ ಇಲ್ದ!

ಮಾಸ್ತರ: ಬರೇ ರೀರೆಕಾರ್ಡಿಂಗ್ ಮ್ಯಾಲ ಬಾಳೇವು ಮಾಡಿದ ಅನ್ನು. ತ್ರೂಫೋಂದು 1973ರ ಒಂದು ಚಿತ್ರ ಅದ, ‘ಡೇ ಫಾರ್ ನೈಟ್’ ಅಂತ. ಸಿನೆಮಾ ಶೂಟಿಂಗ್ ಬಗ್ಗೇನೇ ಇರೋ ಸಿನೆಮಾ. ಡೈರೆಕ್ಟರ್ ಪಾತ್ರ ತ್ರೂಫೋನೇ ಮಾಡ್ಯಾನ. ಗದ್ದಲದ ನಡುವ ಅವನಿಗಿ ಒಂದು ಫೋನ್ ಬರ್ತದ. ಆ ಕಡಿ ಸಂಗೀತಗಾರ, ಟ್ಯೂನ್ ತಯಾರಾಗ್ಯದ ಕೇಳು ಅಂತಾನ. ಫೋನಿನಾಗ ಸಂಗೀತ ಹರೀತಿರ್ತದ, ಇಲ್ಲಿ ಡೈರೆಕ್ಟರ್ ಒಂದು ಪಾರ್ಸಲ್ ಬಿಚ್ಚತಾನ. ಒಳಗ ಬುನ್ಯುಯೆಲ್, ಹಿಚ್‌ಕಾಕ್, ಬ್ರೆಸೋನ್, ಇವರ ಬಗ್ಗಿನ ಪುಸ್ತಕ, ಒಂದರ ಮ್ಯಾಲ ಒಂದು. ಆ ಫೋನಿನ ದನಿ ಖರೇ ದೆಲರೂಂದು.

ಹುಡುಗ: ನಾನೂ ಟ್ಯೂನ್ ವಾಟ್ಸ್ಯಾಪ್‌ನಾಗ ಕಳಿಸ್ತೀನ್ರಿ. ಒಂದು ನಿಮಿಷದಾಗ ಉತ್ತರ ಬರ್ತದ. ಅಣ್ಣಾ, ಸ್ವಲ್ಪ ಮಾಸ್ ಮಾಡು. ಮುದುಕಿ ಹೊಳಿ ದಂಡಿಗಿ ಸುಮ್ಮ ಕುಂತಾಳ, ಅಲ್ಲೇನು ಮಾಸ್ ಮಾಡ್ಲಿ?

ಮಾಸ್ತರ: ಯಾವ ಮುದುಕಿ?

ಹುಡುಗ: ನಮ್ಮ ಚಿತ್ರದಾಕಿ. 2020ರಾಗ ಭೀಮಾ ಹೊಳಿ ಉಕ್ಕಿ ಬಂತಲ್ರಿ, ಅದರಾಗ ಹೊಲ ಕೊಚ್ಚಿಹೋದಾಕಿ. ಹದಿನೆಂಟು ನಿಮಿಷದ ಚಿತ್ರ. ಆದ್ರ ನಾ ಕೇಳೋದು ಬ್ಯಾರೆ. ರಾಜನ್–ನಾಗೇಂದ್ರ ಗೊತ್ತದ, ಹಂಸಲೇಖ ಗೊತ್ತದ, ಅವರ ಹಾಡು ಆರ್ಕೆಸ್ಟ್ರಾದಾಗ ನುಡಿಸಿ ನುಡಿಸಿ ಬಟ್ಟು ಸವದಾವ. ಹಾಡು ಬಿಟ್ಟು, ಬರೇ ಚಿತ್ರದ ಬೆನ್ನ ಹಿಂದ ನಿಂತು ದೊಡ್ಡವರಾದವ್ರು ನಮ್ಮಲ್ಲಿ ಯಾರಾರ ಅದಾರೇನ್ರಿ?

ಮಾಸ್ತರ: ಅದಾರ. ಅದೂ ದೂರ ಇಲ್ಲ, ರಾಯಚೂರ ಸೀಮಿದಾಗ. ರಾಜೀವ ತಾರಾನಾಥ.

ಹುಡುಗ: ಸರೋದಿನವರು? ಅವರು ಸಿನೆಮಾಕ್ಕೂ ಮಾಡ್ಯಾರ?

ಮಾಸ್ತರ: ಇದ ನೋಡು ನಮ್ಮ ಹಣೇಬರಹ. 2019ರಾಗ ಪದ್ಮಶ್ರೀ ಬಂದದ್ದು ಗೊತ್ತು, 2024ರಾಗ ಮೈಸೂರಾಗ ತೀರಿಕೊಂಡದ್ದೂ ಗೊತ್ತು, ಸಿನೆಮಾದ ಕೆಲಸ ಗೊತ್ತಿಲ್ಲ. ಅವರ ತಂದಿ ಪಂಡಿತ ತಾರಾನಾಥರು ರಾಯಚೂರಾಗ ಹಮದರ್ದ್ ಶಾಲೆ ಕಟ್ಟಿದವರು. ತುಂಗಭದ್ರಾ ದಂಡಿಮ್ಯಾಲ ಪ್ರೇಮಾಯತನ ಅಂತ ಆಶ್ರಮ ಮಾಡಿದ್ರು. ನಿಜಾಮನ ಕಾಲದಾಗ ಶಾಲಿಗಿ ಹಮದರ್ದ್ ಅಂತ ಉರ್ದು ಹೆಸರಿಟ್ಟು ಕನ್ನಡ ಮಕ್ಕಳನ್ನ ಓದಿಸಿದ ಮನುಷ್ಯ. ಮಗ ಹುಟ್ಟಿದ್ದು 1932ರಾಗ. ಸಣ್ಣಂದಿನಿಂದ ಹಾಡುಗಾರಿಕಿ ಕಲ್ತವ. ಅಲಿ ಅಕ್ಬರ್ ಖಾನರ ಸರೋದ್ ಕಿವಿಗಿ ಬಿದ್ದ ಮ್ಯಾಲ ತಂತಿಗಿ ಬಿದ್ದ, ಕಲಕತ್ತಾ ಹಾದಿ ಹಿಡಿದ. ಇತ್ತ ಇಂಗ್ಲಿಷ್ ಪ್ರಾಧ್ಯಾಪಕ, ಎಲಿಯಟ್‌ನ ಕಾವ್ಯದ ಮ್ಯಾಲ ಪಿಎಚ್.ಡಿ. ಅಡಿಗರು, ಅನಂತಮೂರ್ತಿ ಇವರ ಬಳಗದಾಗ ಚೂಪು ವಿಮರ್ಶಕ ಅಂತ ಹೆಸರು. ನಾವೆಲ್ಲ ಕಾಲೇಜಿನಾಗ ಇಂಗ್ಲಿಷ್ ಕಲಿಸಿ ಪೆನ್ಶನ್ ತಗೊಂಡ್ವಿ. ಅವ ನೌಕರಿ ಬಿಟ್ಟು ಸರೋದ್ ಹಿಡಿದ.

ಹುಡುಗ: ಸಿನೆಮಾ ಹ್ಯಾಂಗ ಬಂತ್ರಿ ನಡುವ?

ಮಾಸ್ತರ: ‘ಸಂಸ್ಕಾರ’, 1970. ಕಾದಂಬರಿ ಅನಂತಮೂರ್ತಿದು, ನಿರ್ದೇಶನ ಪಟ್ಟಾಭಿರಾಮ ರೆಡ್ಡಿದು. ಪ್ರಾಣೇಶಾಚಾರ್ಯ ಗಿರೀಶ ಕಾರ್ನಾಡ, ನಾರಣಪ್ಪ ಲಂಕೇಶ, ಚಂದ್ರಿ ಸ್ನೇಹಲತಾ ರೆಡ್ಡಿ. ಕ್ಯಾಮೆರಾ ಟಾಮ್ ಕೋವನ್ ಅಂತ ಆಸ್ಟ್ರೇಲಿಯಾದ ಹುಡುಗ. ಸೆನ್ಸಾರಿನವರು ಮೊದಲು ತಡೆದ್ರು, ಆಮ್ಯಾಲ ಬಿಟ್ರು. ರಾಷ್ಟ್ರಪತಿಗಳ ಸ್ವರ್ಣಕಮಲ ಬಂದ ಮೊದಲ ಕನ್ನಡ ಚಿತ್ರ ಅದು. ಸಂಗೀತ ರಾಜೀವ ತಾರಾನಾಥ. ಒಂದು ಹಾಡೂ ಇಲ್ಲ. 1970ರಾಗ ಹಾಡಿಲ್ಲದ ಕನ್ನಡ ಚಿತ್ರ ಅಂದ್ರ ಥಿಯೇಟರಿನವ ಡಬ್ಬಿ ವಾಪಸ್ ಕಳಿಸ್ತಿದ್ದ. ಈಗ ಕಥಿ ನೆನಸು. ಅಗ್ರಹಾರದಾಗ ಹೆಣ ಬಿದ್ದದ, ಸಂಸ್ಕಾರ ಮಾಡೋರು ಯಾರು ಅಂತ ಪ್ರಶ್ನೆ. ಹೆಣ ಕೊಳೀಲಾಕತ್ತದ, ಶಾಸ್ತ್ರದಾಗ ಉತ್ತರ ಸಿಗವಲ್ದು. ಇಂಥಾ ಕಡಿ ಅಳಿಸೋ ಪಿಟೀಲು ತಂದು ಹಾಕಿದ್ರ ಏನಾಗ್ತಿತ್ತು ಹೇಳು?

ಹುಡುಗ: ಪ್ರಶ್ನೆ ಹೋಗಿ ಬರೇ ಅಳು ಉಳೀತಿತ್ತು.

ಮಾಸ್ತರ: ಕಾದಂಬರಿ ಓದೋದು ಗೊತ್ತಿದ್ದವನಿಗಿ ಆ ಕೆಲಸ ಕೊಟ್ರು. ಅದು ಭಾಳ ಮುಖ್ಯದ ಮಾತು. ಹಾರ್ಮೋನಿಯಂ ಮುಂದ ಕುಂತು ಸಿಚುಯೇಶನ್ ಹೇಳ್ರಿ ಅನ್ನಾವ ಅಲ್ಲ ಇವ. ಮುಂದ ಲಂಕೇಶರ ‘ಪಲ್ಲವಿ’ 1976, ‘ಅನುರೂಪ’ 1977, ಎರಡಕ್ಕೂ ಇವರದ ಸಂಗೀತ. ಅದ ವರ್ಷ ಮಲಯಾಳಂನ ಅರವಿಂದನ್ ಕರೆದ್ರು, ‘ಕಾಂಚನ ಸೀತಾ’ಕ್ಕ. ಅದರಾಗ ರಾಮ ಅದಾನ, ಲಕ್ಷ್ಮಣ ಅದಾನ, ಸೀತಾ ಇಲ್ಲ. ಸೀತಾ ಪಾತ್ರಕ್ಕ ನಟಿನೇ ಇಲ್ಲ. ಗಾಳಿ ಬೀಸ್ತದ, ಎಲಿ ಅಲುಗ್ತಾವ, ಮಳಿ ಬರ್ತದ. ಪ್ರಕೃತಿನ ಸೀತಾ. ತೆರಿಮ್ಯಾಲ ಇಲ್ಲದ ಹೆಣ್ಣುಮಗಳಿಗಿ ಸಂಗೀತ ಮಾಡು ಅಂದ್ರ ನೀ ಏನು ಮಾಡ್ತಿ?

ಹುಡುಗ: ನಾನಾದ್ರ ಹೆಣ್ಣಿನ ಆಲಾಪ್ ಹಾಕ್ತಿದ್ದೆ. ಎಲ್ಲಾರೂ ಅದನ್ನ ಹಾಕ್ತಾರ. ಆಆಆ ಅಂತ, ಜೋಡಿ ಕೊಳಲು.

ಮಾಸ್ತರ: ಹೌದು, ಮತ್ತ ಅದಕ್ಕ ಎಲ್ಲಾ ಸೀತಾನೂ ಒಂದ ಥರ ಕೇಳಸ್ತಾರ. ಇನ್ನೊಂದು ಹೇಳ್ತೀನಿ. ಸಾಮಾನ್ಯ ರೀರೆಕಾರ್ಡಿಂಗ್ ಹ್ಯಾಂಗ ನಡೀತದ?

ಹುಡುಗ: ಎಡಿಟಿಂಗ್ ಮುಗೀಬೇಕು. ಪಿಕ್ಚರ್ ಲಾಕ್ ಆದ ಮ್ಯಾಲ ನಮ್ಮ ಕೈಗಿ ಬರ್ತದ. ಎಲ್ಲಿಂದ ಎಲ್ಲಿತನಕ ಅಂತ ಗುರ್ತು ಹಾಕೊಂಡು, ಸೆಕೆಂಡ್ ಲೆಕ್ಕದಾಗ ತುಂಬಸ್ತೀವಿ. ಹಾಡಿಂದು ಮಾತ್ರ ಉಲ್ಟಾ. ಹಾಡು ಮೊದಲು ರೆಕಾರ್ಡ್ ಆಗಿ, ಶೂಟಿಂಗ್ ಜಾಗಾದಾಗ ಅದನ್ನ ಹಚ್ಚಿ, ಅದಕ್ಕ ತುಟಿ ಕೂಡಿಸಿ ಕುಣೀತಾರ.

ಮಾಸ್ತರ: ಹಾಡಿನ ಆ ಉಲ್ಟಾ ಪದ್ಧತಿನ ಫ್ರಾನ್ಸಿನಾಗ ಒಬ್ಬ ಇಡೀ ಚಿತ್ರಕ್ಕ ಹಚ್ಚಿದ. ಮಿಶೆಲ್ ಲೆಗ್ರಾಂ. 1964ರ ‘ಅಂಬ್ರೆಲಾಸ್ ಆಫ್ ಶೆರ್ಬುರ್ಗ್’, ಪೆಟ್ರೋಲ್ ಬಂಕಿನ ಮಾತೂ ಹಾಡಿನಾಗ. ಮೊದಲು ಎಲ್ಲಾ ರೆಕಾರ್ಡ್ ಮಾಡಿ ಆಮ್ಯಾಲ ತೆಗೆದ್ರು. ಆದ್ರ ಅದು ಮಾತಿಗಿ ಕಟ್ಟಿದ ಸಂಗೀತ. ಅರವಿಂದನ್ 1981ರಾಗ ಇನ್ನೂ ಮುಂದ ಹೋದ. ‘ಪೋಕ್ಕುವೆಯಿಲ್’ ಅನ್ನೋ ಚಿತ್ರದಾಗ ಹರಿಪ್ರಸಾದ ಚೌರಾಸಿಯಾರ ಕೊಳಲು, ರಾಜೀವರ ಸರೋದ್. ಆ ಸಂಗೀತದ ಸ್ವರಕ್ಕ ತಕ್ಕಂಗ ದೃಶ್ಯ ಕಟ್ಟಿದ್ರು. ಮನಸ್ಸು ಒಡೆದುಹೋಗೋ ಒಬ್ಬ ಹುಡುಗನ ಕಥಿ. ಅಲ್ಲಿ ಹಾಡೂ ಇಲ್ಲ, ತುಟಿನೂ ಇಲ್ಲ, ಕ್ಯಾಮೆರಾನೇ ಸಂಗೀತದ ಬೆನ್ನು ಹತ್ತತದ.

ಹುಡುಗ: ಇದು ನನಗ ನಂಬಾಕ ಆಗವಲ್ದು. ಡೈರೆಕ್ಟರ್ ಅಷ್ಟು ಬಿಟ್ಟುಕೊಡ್ತಾನ?

ಮಾಸ್ತರ: ಇದಕ್ಕಿಂತ ಮೊದಲೇ ಪ್ಯಾರಿಸ್ಸಿನಾಗ ಒಬ್ಬ ಹಂಗ ಬಿಟ್ಟುಕೊಟ್ಟಿದ್ದ, ಬ್ಯಾರೆ ರೀತಿಲೆ. ಲೂಯಿ ಮಾಲ್‌ನ ಮೊದಲ ಕಥಾಚಿತ್ರ, ‘ಲಿಫ್ಟ್ ಟು ದ ಸ್ಕ್ಯಾಫೋಲ್ಡ್’. 1957ರ ಡಿಸೆಂಬರ್. ಅಮೆರಿಕಾದ ಜಾಜ್ ಕಹಳಿ ವಾದಕ ಮೈಲ್ಸ್ ಡೇವಿಸ್ ಊರಿಗಿ ಬಂದಿದ್ದ. ರಾತ್ರಿ ಸ್ಟುಡಿಯೋಕ್ಕ ಕರಕೊಂಡು ಹೋಗಿ ಪರದೆಮ್ಯಾಲ ಚಿತ್ರದ ತುಣುಕು ತಿರುಗಿ ತಿರುಗಿ ಓಡಿಸಿದ್ರು. ಜೀನ್ ಮೊರೊ ರಾತ್ರಿ ರಸ್ತಾದಾಗ ಪ್ರೇಮಿನ್ನ ಹುಡುಕ್ಕೊಂತ ಅಡ್ಡಾಡ್ತಾಳ, ಅಂಗಡಿ ದೀಪದ ಬೆಳಕು ಬಿಟ್ರ ಮುಖಕ್ಕ ಬ್ಯಾರೆ ಬೆಳಕಿಲ್ಲ. ಅವ ನೋಡಿದ, ಊದಿದ. ಬರೆದುಕೊಂಡು ಬಂದದ್ದು ಬರೇ ಒಂದಿಷ್ಟು ಗುರ್ತು. ಒಂದ ರಾತ್ರಿ ಕೆಲಸ. ನಮ್ಮ ರಾಗದವರು ಅದನ್ನ ಕೇಳಿದ್ರ ಇದರಾಗ ಹೊಸಾದೇನದ ಅಂತಾರ. ಅವರ ದಿನದ ಕೆಲಸಾನೇ ಅದು.

ಹುಡುಗ: ಸರ್ರ, ಒಂದು ಮಾತು ಹೇಳ್ಲಾ? ಸಿಟ್ಟಾಗಬ್ಯಾಡ್ರಿ. ನೀವು ದೆಲರೂಂದು ಮುನ್ನೂರು ಅಂದ್ರಿ. ರಾಜೀವರದು ಬಟ್ಟಿನಾಗ ಎಣಿಸೋವಷ್ಟು. ಇದಕ್ಕ ಕರಿಯರ್ ಅಂತಾರೇನ್ರಿ? ಬಂದ್ರು, ಮಾಡಿದ್ರು, ಹೋದ್ರು.

ಮಾಸ್ತರ: ಸಿಟ್ಯಾಕ? ಅದ ನಾ ಹೇಳಬೇಕಂದದ್ದು. 1991ರಾಗ ಎಂ.ಟಿ. ವಾಸುದೇವನ್ ನಾಯರ್ ‘ಕಡವು’ ತೆಗೆದಾಗ ಮತ್ತ ಇವರನ್ನ ಕರೆದ್ರು. 1995ರಿಂದ ಹತ್ತು ವರ್ಷ ಕ್ಯಾಲಿಫೋರ್ನಿಯಾದ ಕಲಾಶಾಲಿದಾಗ ಪಾಠ. ಜೀವನ ನಡೆದದ್ದು ಪಾಠದ ಮ್ಯಾಲ, ಕಛೇರಿ ಮ್ಯಾಲ. ಬಿ.ವಿ. ಕಾರಂತರನ್ನ ನೋಡು. ‘ಋಷ್ಯಶೃಂಗ’, ‘ಘಟಶ್ರಾದ್ಧ’, ಬೆನ್ನ ಬೆನ್ನ ಎರಡು ವರ್ಷ ಸಂಗೀತಕ್ಕ ರಾಷ್ಟ್ರಪ್ರಶಸ್ತಿ. ಗುಬ್ಬಿ ಕಂಪನಿದಾಗ ಬೆಳೆದು ನಾಟಕದಾಗ ಉಂಡವರು. ‘ಚೋಮನ ದುಡಿ’ಗಿ ನಿರ್ದೇಶನಾನೂ ಅವರದ, ಸಂಗೀತಾನೂ ಅವರದ. ಅಲ್ಲಿ ವಾದ್ಯ ಹುಡುಕಾಕ ಹೋಗೋ ಕೆಲಸಾನೇ ಇಲ್ಲ, ದುಡಿ ಚೋಮನ ಕೈದಾಗೇ ಅದ. ಹಂಗಾಗಿ ನಾ ಅನ್ನೋದು ಏನಂದ್ರ, ಕನ್ನಡ ಚಿತ್ರದ ಹಿನ್ನೆಲೆ ಸಂಗೀತದ ಛಲೋ ಕೆಲಸ ಮಾಡಿದವರ ಅನ್ನ ಬ್ಯಾರೆ ಕಡಿಂದ ಬರ್ತಿತ್ತು. ಸಿನೆಮಾ ಅವರನ್ನ ಸಾಕಲಿಲ್ಲ.

ಹುಡುಗ: ವಿಜಯಭಾಸ್ಕರ್ ಅವರನ್ನ ಸಾಕ್ಯದಲ್ರಿ. ‘ನಾಗರಹಾವು’, ‘ಬೆಳ್ಳಿಮೋಡ’, ‘ಶರಪಂಜರ’. ನಮ್ಮ ಆರ್ಕೆಸ್ಟ್ರಾದವರಿಗಿ ಅವರ ದೇವ್ರು.

ಮಾಸ್ತರ: ಭೇಷ್. ಅವರ ಹಾಡು ನಿನಗ ಗೊತ್ತು, ಇನ್ನೊಂದು ಮುಖ ಗೊತ್ತಿಲ್ಲ. ಅವರು ಮುಂಬೈದಾಗ ನೌಶಾದ್, ಮದನ್ ಮೋಹನ್ ಇವರ ಕೈಕೆಳಗ ತಯಾರಾದವರು, 1954ರಾಗ ಕನ್ನಡಕ್ಕ ಬಂದ್ರು. ಎನ್. ಲಕ್ಷ್ಮೀನಾರಾಯಣರ ‘ನಾಂದಿ’ 1964. ಕಿವುಡು–ಮೂಕರ ಸಂಸಾರದ ಕಥಿ, ಸಂಗೀತ ಅವರದ. ಕಿವಿನೇ ಕೇಳದವರ ಮನಿಗಿ ಸಂಗೀತ ಮಾಡೋದು ಹುಡುಗಾಟ ಅಲ್ಲ. ನೀ ಹೇಳಿದ ಆ ಮೂರು ಚಿತ್ರದ ನಿರ್ದೇಶಕ ಪುಟ್ಟಣ್ಣ ಕಣಗಾಲರ ಕಾಲ ಮುಗಿದ ಮ್ಯಾಲ ಕೇರಳದ ಅಡೂರ ಗೋಪಾಲಕೃಷ್ಣನ್ ಕರೆದ್ರು. ‘ಮದಿಲುಗಳ್’, ‘ವಿಧೇಯನ್’, ‘ಕಥಾಪುರುಷನ್’. ಅಡೂರ ಅಂದ್ರ ಸಂಗೀತಕ್ಕ ಭಾಳ ಬಿಗಿ ಕೈ. ‘ಮದಿಲುಗಳ್’ 1990ರದು, ಬಷೀರರ ಜೈಲಿನ ಕಥಿ. ಗ್ವಾಡಿ ಆಚಿ ಕಡಿ ಒಬ್ಬ ಹೆಣ್ಣುಮಗಳು, ಈಚಿ ಕಡಿ ಈತ. ಆಕಿ ಮುಖ ಕಡಿತನಕ ಕಾಣೂದಿಲ್ಲ, ಬರೇ ದನಿ. ದನಿನೇ ನಾಯಕಿ ಆದಾಗ ಸಂಗೀತ ಎಷ್ಟು ಹಿಂದ ಸರೀಬೇಕು! ‘ವಿಧೇಯನ್’ದಾಗ ಮತ್ತ ನಮ್ಮ ದಕ್ಷಿಣ ಕನ್ನಡದ ಪಟೇಲ, ಮಮ್ಮೂಟ್ಟಿ ಬಾಯಾಗ ಕನ್ನಡ.

ಹುಡುಗ: ಹಂಗಾದ್ರ ನಿಮ್ಮ ಮಾತು ಪೂರಾ ನಿಲ್ಲಂಗಿಲ್ಲ. ಒಬ್ಬರೇ ಎರಡೂ ಮಾಡ್ಯಾರ.

ಮಾಸ್ತರ: ನಿಲ್ತದ. ಹಾಡು ಅವರ ಮನಿ ನಡೆಸಿತು, ಅದರ ಬಲದ ಮ್ಯಾಲ ಮೌನಕ್ಕ ಕೈ ಹಾಕಿದ್ರು. ಬರೇ ಮೌನ ಮಾರಿ ಮೂವತ್ತು ವರ್ಷ ಬದುಕಿದವರನ್ನ ತೋರಸು, ಒಪ್ಪತೀನಿ. ಇದಕ್ಕ ಕಾರಣ ಕಿವಿ ಅಲ್ಲ, ಖಾತೆಕಿರ್ದಿ. ಈಗ ನಿನ್ನ ರೊಕ್ಕದ ಪ್ರಶ್ನೆಗಿ ಬಂದೆ.

ಹುಡುಗ: ಹಾಂ, ಹೇಳ್ರಿ.

ಮಾಸ್ತರ: 1847ರಾಗ ಪ್ಯಾರಿಸ್ಸಿನ ಒಂದು ದೊಡ್ಡ ಕೆಫೆ. ಎರ್ನೆಸ್ಟ್ ಬೂರ್ಜೆ ಅನ್ನಾವ ತನ್ನಿಬ್ಬರು ಸಂಗೀತಗಾರ ಗೆಳೆಯರ ಜೋಡಿ ಅಲ್ಲಿ ಕುಂತಾನ. ಸಕ್ಕರಿ ನೀರು ಕುಡದಾರ. ಅಷ್ಟರಾಗ ಕೆಫೆದ ವಾದ್ಯದವರು ಇವರದ ಹಾಡು ನುಡಸ್ತಾರ. ಬಿಲ್ಲು ಬಂತು. ಕೊಡಂಗಿಲ್ಲ ಅಂದ್ರು. ನಮ್ಮ ಹಾಡಿನಿಂದ ನಿನ್ನ ಗಿರಾಕಿ ಕುಂತಾರ, ನೀ ನಮಗ ರೊಕ್ಕ ಕೊಡವಲ್ಲಿ, ನಿನ್ನ ನೀರಿಗಿ ನಾವ್ಯಾಕ ಕೊಡಬೇಕು? ಕೋರ್ಟಿಗಿ ಹೋತು, ಸಂಗೀತಗಾರರು ಗೆದ್ರು. 1851ರಾಗ ‘ಸಾಸೆಮ್’ ಅಂತ ಸಂಘ ಕಟ್ಟಿದ್ರು, ಇವತ್ತಿಗೂ ಅದ. ಕೆಫೆಂದಿಷ್ಟು, ರೇಡಿಯೋಂದಿಷ್ಟು, ಸಿನೆಮಾ ಥಿಯೇಟರಿನ ಗಳಿಕಿಯೊಳಗಿಂದೂ ಇಷ್ಟು ಅಂತ ವಸೂಲ್ ಮಾಡಿ ಬರೆದವನಿಗಿ ಮುಟ್ಟಸ್ತದ. ದೆಲರೂನ ಟ್ಯೂನ್ ಥಿಯೇಟರಿನಾಗ ಎಷ್ಟು ಸಲ ಬಂತೋ ಅದಕ್ಕೊಂದು ಲೆಕ್ಕ ಇತ್ತು.

ಹುಡುಗ: (ಹೋಟೆಲಿನ ಸ್ಪೀಕರ್ ಕಡೆ ನೋಡಿ) ಹಂಗಾದ್ರ ಇವತ್ತಿನ ಚಹಾದ ರೊಕ್ಕ ಹಂಸಲೇಖರ ಹೆಸರಿಲೆ ಬಾಕಿ ಹಚ್ಚಾಕ ಹೇಳೋಣೇನ್ರಿ?

ಮಾಸ್ತರ: ಹೇಳಿ ನೋಡು, ಬೆನ್ನಿಗಿ ಬೀಳ್ತದ. ನಮ್ಮಲ್ಲೂ 1969ರಾಗ ಐಪಿಆರ್‌ಎಸ್ ಅಂತ ಸಂಘ ಆತು. ಆದ್ರ 1977ರಾಗ ಸುಪ್ರೀಂ ಕೋರ್ಟು, ಚಿತ್ರಕ್ಕಂತ ರೊಕ್ಕ ತಗೊಂಡು ಮಾಡಿದ ಸಂಗೀತದ ಮಾಲೀಕ ನಿರ್ಮಾಪಕ ಅಂದುಬಿಡ್ತು, ಬ್ಯಾರೆ ಕರಾರು ಇಲ್ಲದಿದ್ರ. ಒಂದು ಸಲ ಪಗಾರ ಕೊಟ್ರ ಮುಗೀತು. ಆ ಕಾಲದ ಎಷ್ಟು ಜನ ಸಂಗೀತ ನಿರ್ದೇಶಕರು ಕಡಿಗಾಲಕ್ಕ ಕೈ ಚಾಚಿದ್ರು ಅನ್ನೋದಕ್ಕ ಅಲ್ಲೊಂದು ಬೇರು ಅದ. 2012ರಾಗ ಕಾಯ್ದೆ ತಿದ್ದಿದ್ರು. ಇನ್ನು ರಾಯಲ್ಟಿ ಹಕ್ಕು ಬರೆದವರದ, ಅದನ್ನ ಬರಕೊಟ್ರೂ ಹೋಗಂಗಿಲ್ಲ.

ಹುಡುಗ: ಅಬ್ಬಾ, ಇದು ಛಲೋ ಆತಲ್ರಿ.

ಮಾಸ್ತರ: ತಡಿ. ಅದರಾಗೂ ಒಂದು ಗಂಟು ಅದ. ಚಿತ್ರದ ಜೋಡಿ ಚಿತ್ರಮಂದಿರದಾಗ ಕೇಳಿಸಿದ್ದಕ್ಕ ಈ ಹಕ್ಕು ಇಲ್ಲ. ಟಿವಿ, ಮೊಬೈಲ್, ರೇಡಿಯೋ, ಲಗ್ನದ ಮಂಟಪ, ಅಲ್ಲೆಲ್ಲ ಅದ. ಈಗ ನೀನೇ ವಿಚಾರ ಮಾಡು. ಹಾಡು ಚಿತ್ರಮಂದಿರ ಬಿಟ್ಟು ಊರೆಲ್ಲ ತಿರುಗ್ತದ, ಹೋದಲ್ಲೆಲ್ಲ ದುಡಿತದ. ಹೆಣದ ಮುಂದಿನ ಸಂಗೀತ ಯಾವ ಲಗ್ನದಾಗ ಹಚ್ಚತಾರ? ಅದು ಹುಟ್ಟೋದೂ ಥಿಯೇಟರಿನ ಕತ್ತಲಿದಾಗ, ಅದರ ಬಾಳೇವೂ ಅಲ್ಲೇ. ಎಲ್ಲಿ ಅದರ ಜೀವ ಅದನೋ ಅಲ್ಲೇ ಅದಕ್ಕ ಕೂಲಿ ಇಲ್ಲ. ಟಿವಿಗೆ ಬಂದಾಗ ಒಂದಿಷ್ಟು ಸಿಗಬೇಕು ಖರೆ, ಅದಕ್ಕ ಹೆಸರು ನೋಂದಾಯಿಸಿರಬೇಕು, ಪ್ರತಿ ತುಣುಕಿನ ಕಾಗದ ಇರಬೇಕು.

ಹುಡುಗ: ಅದಕ್ಕ ಈಗಿನವರು ಟ್ರೇಲರ್‌ನಾಗ ಬಿಜಿಎಂ ಜೋರಾಗಿ ಹೊಡೀತಾರ. ಹೀರೋ ಬರೋ ಬಿಜಿಎಂ ಅಂದ್ರ ಅದು ಹಾಡೇ ಆಗ್ಯದ. ರಿಂಗ್‌ಟೋನ್ ಆಗ್ತದ, ರೀಲ್ಸ್ ಆಗ್ತದ.

ಮಾಸ್ತರ: ಅದು ನಿನ್ನ ಮಾತು, ಮತ್ತ ನನ್ನಕಿಂತ ಛಲೋ ಹೇಳ್ದಿ. ರೊಕ್ಕ ಎಲ್ಲಿ ಅದ, ಸದ್ದು ಅಲ್ಲಿಗಿ ಹೋಗ್ತದ. ಸರಿ, ನಿನ್ನ ಮುದುಕಿಗಿ ಏನು ಹಾಕೀದಿ, ಕೇಳ್ಸು.

(ಹುಡುಗ ಇಯರ್‌ಫೋನ್ ಕೊಡುತ್ತಾನೆ. ಮಾಸ್ತರರು ಎರಡೂ ಕಿವಿಗೆ ಹಾಕಿಕೊಂಡು, ಮೊಬೈಲಿನ ಪರದೆ ನೋಡುತ್ತಾರೆ.)

ಮಾಸ್ತರ: ಕೊಳಲು ಯಾಕ?

ಹುಡುಗ: ಹೊಳಿ ಅದಲ್ರಿ.

ಮಾಸ್ತರ: ಹೊಳಿ ಸದ್ದು ಹೊಳಿನೇ ಮಾಡ್ಲಾಕತ್ತದ. ಈ ಹೊಳಿ ಆಕಿ ಹೊಲ ತಿಂದದ. ಆಕಿಗಿ ಅದು ಕೊಳಲಾಗಿ ಕೇಳಸ್ತದೇನು?

ಹುಡುಗ: ಅದಕ್ಕ ಇನ್ನೊಂದು ಟ್ರ್ಯಾಕ್ ಮಾಡ್ಕೊಂಡೀನಿ. ಗುಡಿ ಹಿಂದ ಜೋಗಮ್ಮನ ಚೌಡಕಿ ಮೊಬೈಲಿನಾಗ ಹಿಡಿದೀನಿ. ಕಟ್ಟಿಗಿ ಕೊಳಗ, ತಳಕ್ಕ ಚರ್ಮ, ಚರ್ಮದೊಳಗಿಂದ ಬಂದ ಒಂದ ತಂತಿ. ಬಗಲಾಗ ಅವುಚಿ ಹಿಡಿದು, ತಂತಿ ಬಿಗಿ ಮಾಡಿ ಸಡಿಲ ಮಾಡಿ ಮೀಟ್ತಾಳ. ಅದಕ್ಕ ಸ್ವರ ಅನ್ನಬೇಕೋ ಪೆಟ್ಟು ಅನ್ನಬೇಕೋ ತಿಳಿಯಂಗಿಲ್ಲ. ಕೀಬೋರ್ಡಿನ ಯಾವ ಮನಿದಾಗೂ ಅದು ಕೂಡವಲ್ದು. ಎರಡು ಮನಿ ನಡುವ ಜಾರ್ತದ.

ಮಾಸ್ತರ: ಸರೋದೂ ಹಂಗ. ಹೊಟ್ಟಿಮ್ಯಾಲ ಚರ್ಮ, ಬಟ್ಟು ಓಡೋ ಕಡಿ ನುಣ್ಣನ ಉಕ್ಕಿನ ಹಲಗಿ, ಸಿತಾರಿನಂಗ ಮೆಟ್ಟಿಲು ಇಲ್ಲ. ಎಡಗೈ ಉಗುರಿಲೆ ಒತ್ತಿ ಜಾರಸ್ತಾರ, ಬಲಗೈಯಾಗ ತೆಂಗಿನ ಚಿಪ್ಪಿನ ತುಣುಕು ಹಿಡಿದು ಮೀಟ್ತಾರ. ಕೊಳಲು ತೆಗಿ, ಚೌಡಕಿ ಇಡು. ಅದೂ ಪೂರಾ ಬ್ಯಾಡ. ಮುದುಕಿ ಎದ್ದು ಹೊಂಟ ಮ್ಯಾಲ, ಎರಡು ಪೆಟ್ಟು.

ಹುಡುಗ: ನಾ ಮೂರು ಅಂದ್ಕೊಂಡಿದ್ದೆ.

ಮಾಸ್ತರ: ಮೂರು ಹಾಕು, ನಿನ್ನ ಚಿತ್ರ. ಜೋಗಮ್ಮನ ಹೆಸರು ಹಾಕ್ತಿ?

ಹುಡುಗ: ಹಾಕ್ತೀನ್ರಿ. ಕೃತಜ್ಞತೆಗಳು ಅಂತ ಕೊನಿಗಿ ಬರ್ತದಲ್ಲ, ಅದರಾಗ.

ಮಾಸ್ತರ: ಕೃತಜ್ಞತೆದಾಗ ಯಾಕ? ಸಂಗೀತ ಅನ್ನೋ ಕಡಿ ನಿನ್ನ ಹೆಸರಿನ ಜೋಡಿ ಬರಬೇಕು. ಈಗತಾನ ಪ್ಯಾರಿಸ್ಸಿನ ಬಿಲ್ಲಿಗಿ ತಲಿ ಅಲ್ಲಾಡಿಸ್ದಿ.

ಹುಡುಗ: ಆಕಿ ಹಾಡು ಆಕಿದಲ್ರಿ, ಪರಂಪರೆದು. ಆಕಿನ ಹೇಳ್ತಾಳ, ಅವ್ವನ ಪದ ಇದು, ನಂದೇನದ ಅಂತ.

ಮಾಸ್ತರ: ಪದ ಅವ್ವಂದು ಇರಬಹುದು. ಮೀಟಿದ ಕೈ ಆಕಿದು. ನುಡಿಸಿದವರಿಗೂ ಕಾಯ್ದೆದಾಗ ಹಕ್ಕು ಅದ. ಪ್ರೊಡ್ಯೂಸರ್ ನಿನಗೆಷ್ಟು ಕೊಡ್ತಾನ?

ಹುಡುಗ: ಊಟ, ಬಸ್ ಚಾರ್ಜ್, ಮ್ಯಾಲ ಐದು ಸಾವಿರ. ಅದೂ ಫೆಸ್ಟಿವಲ್‌ಗ ಆಯ್ಕೆ ಆದ್ರ.

ಮಾಸ್ತರ: ಕಾಗದ?

ಹುಡುಗ: ಕಾಗದ ಏನ್ರಿ, ಗೆಳೆಯ ಅವ.

ಮಾಸ್ತರ: ಗೆಳೆತನ ಇರೋತನಕ ಕಾಗದ ಮಾಡ್ಕೋಬೇಕು. ಸಂಗೀತ ನಿಂದು, ಚೌಡಕಿ ಆಕಿದು, ಚಿತ್ರ ಎಲ್ಲಿ ತೋರಿಸಿದ್ರ ಏನು, ನಾಳಿಗಿ ಯಾರಾರ ಆ ಮೂರು ಪೆಟ್ಟು ಎತ್ತಿ ಬ್ಯಾರೆ ಕಡಿ ಹಾಕ್ಕೊಂಡ್ರ ಏನು, ಎಲ್ಲಾ ಬರಕೊಳ್ರಿ. ಆಕಿಗಿ ಓದಿ ಹೇಳು, ಹೆಬ್ಬೆಟ್ಟು ಆದ್ರ ಹೆಬ್ಬೆಟ್ಟು.

ಹುಡುಗ: ಮೊಬೈಲಿನಾಗ ಹಿಡಿದದ್ದು ಗಾಳಿ ಸದ್ದು ಭಾಳ ಅದ. ನಾಳಿ ಸೊಲ್ಲಾಪುರಿಂದ ಮೈಕ್ ತಂದು ಮತ್ತ ರೆಕಾರ್ಡ್ ಮಾಡಬೇಕಂದೀನಿ.

ಮಾಸ್ತರ: ಹಂಗಾದ್ರ ಛಲೋನೇ ಆತು. ಮೈಕ್ ಬರೋಕಿಂತ ಮೊದಲು ಇವತ್ತ ಸಂಜಿಗಿ ಹೋಗಿ ಎಷ್ಟು ಕೊಡ್ತಿ ಅಂತ ಮಾತಾಡಿ ಬಾ. ಮೊನ್ನೆ ಹಿಡಿದದ್ದಕ್ಕೂ ಸೇರಿಸಿ.